ಮುರಿದ ಮದುವೆಗೆ ಪತ್ತೇದಾರರೇಕೆ?

ಸಾಕ್ಷಿ ಕರೆದು ವ್ಯಭಿಚಾರ ಮಾಡುವವರು ಯಾರೂ ಇಲ್ಲ. ಆದರೂ ಈ ಕಾರಣಕ್ಕೆ ವಿಚ್ಛೇದನ ಬೇಡಿದರೆ ಹಿಂದೂ ವಿವಾಹ ಕಾಯ್ದೆ ಕೇಳುವುದು ಸಾಕ್ಷಿಯನ್ನೇ.

1955ರ ಮೂಲ ಕಾಯ್ದೆಯಂತೆ ಸಂಗಾತಿ ವ್ಯಭಿಚಾರದಲ್ಲಿಯೇ ಬದುಕುತ್ತಿರುವುದನ್ನು ತೋರಿಸಬೇಕಿತ್ತು. 1976ರ ತಿದ್ದುಪಡಿಯ ನಂತರ, ಮದುವೆಯಾದ ಮೇಲೆ ಒಮ್ಮೆ ಸ್ವಇಚ್ಛೆಯಿಂದ ಬೇರೆಯವರನ್ನು ಕೂಡಿದ್ದರೂ ಸಾಕು. ವೈವಾಹಿಕ ಮೊಕದ್ದಮೆಗೆ ಕೊಲೆ ಕೇಸಿನಂತೆ ಸಂಶಯಾತೀತ ರುಜುವಾತು ಬೇಡ, ಸಂಭವ ಯಾವ ಕಡೆ ಹೆಚ್ಚೆಂದು ತೂಗಿದರೆ ಸಾಕೆಂದು ಸುಪ್ರೀಂ ಕೋರ್ಟ್ 1975ರಲ್ಲೇ ಹೇಳಿದೆ. ಕಣ್ಣಾರೆ ಕಂಡವರಿಲ್ಲದಿದ್ದರೆ ಲಾಡ್ಜಿನ ರಿಜಿಸ್ಟರು, ವಾಟ್ಸ್ಯಾಪ್ ಸಂದೇಶ, ಫೋಟೊಗಳೂ ನಡೆಯುತ್ತವೆ. ಹೊಣೆ ಹಗುರವಾದಂತೆ ಕಾಣುತ್ತದೆ. ನಿಜದಲ್ಲಿ ಗಂಡ ಹೆಂಡತಿ ಒಬ್ಬರಿಗೊಬ್ಬರು ಪತ್ತೇದಾರರಾಗಿದ್ದಾರೆ.

ಹೆಂಡತಿಯ ಸಂಬಂಧವನ್ನು ಸಾಬೀತುಪಡಿಸಲು ಗಂಡನೊಬ್ಬ ಮೂರನೆಯವನ ಮೊಬೈಲ್ ಟವರ್ ವಿವರ ಕೇಳಿದ. ಬೆಂಗಳೂರಿನ ಕೌಟುಂಬಿಕ ನ್ಯಾಯಾಲಯ ಒಪ್ಪಿತು. 2022ರಲ್ಲಿ ಕರ್ನಾಟಕ ಹೈಕೋರ್ಟ್ ಅದನ್ನು ಖಾಸಗಿತನದ ಉಲ್ಲಂಘನೆಯೆಂದು ರದ್ದುಪಡಿಸಿತು. ಆದರೆ 2025ರಲ್ಲಿ ಸುಪ್ರೀಂ ಕೋರ್ಟ್, ದಂಪತಿಯ ಮಾತನ್ನು ಗುಟ್ಟಾಗಿ ಮುದ್ರಿಸಿಕೊಂಡರೂ ಅವರ ವ್ಯಾಜ್ಯದಲ್ಲಿ ಅದು ಸಾಕ್ಷ್ಯವಾಗಬಹುದೆಂದಿತು. ಹೊರಗಿನವನ ಫೋನಿಗಿರುವ ರಕ್ಷಣೆ ಮನೆಯವಳ ಮಾತಿಗಿಲ್ಲ.

ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯಿತು ಎಂಬ ಗಾದೆಯೂ ಇಲ್ಲಿ ಅಕ್ಷರಶಃ ನಿಜ. ತಾಯಿಯ ತಪ್ಪು ತೋರಿಸಲು ಮಗುವಿನ ಡಿಎನ್‌ಎ ಪರೀಕ್ಷೆಗೆ ಅರ್ಜಿ ಬೀಳುತ್ತದೆ. ಅಂಥ ಪರೀಕ್ಷೆಗೆ ಕೇಳಿದಾಗಲೆಲ್ಲ ಆದೇಶಿಸಬಾರದೆಂದು 2023ರಲ್ಲಿ ಸುಪ್ರೀಂ ಕೋರ್ಟ್ ಎಚ್ಚರಿಸಿತು. ಪೂರ್ತಿ ನಿಷೇಧಿಸಲಿಲ್ಲ. ಆರೋಪ ಬಿದ್ದುಹೋದರೋ? ಆಧಾರವಿಲ್ಲದೆ ಶೀಲಗೆಡಿಸುವ ಮಾತೇ ಮಾನಸಿಕ ಕ್ರೌರ್ಯವೆನಿಸಿ, ಎದುರಾಳಿಗೆ ವಿಚ್ಛೇದನ ಸಿಗಬಹುದು.

ಮೋಸ ಹೋದವರಿಗೆ ನ್ಯಾಯ ಬೇಡವೇ ಎಂದು ಕೇಳುವವರಿದ್ದಾರೆ. ಬೇಕು. ಆದರೆ 2018ರಿಂದ ವ್ಯಭಿಚಾರ ಅಪರಾಧವಲ್ಲ. ಕೌಟುಂಬಿಕ ನ್ಯಾಯಾಲಯ ಕೊಡಬಲ್ಲದ್ದು ಬಿಡುಗಡೆ, ಶಿಕ್ಷೆಯಲ್ಲ. ಬಿಡುಗಡೆಗೆ ಮದುವೆ ಸತ್ತಿದೆ ಎಂಬುದು ಗೊತ್ತಾದರೆ ಸಾಲದೇ, ಕೊಂದವರು ಯಾರೆಂಬ ಮಹಜರು ಏಕೆ?

ಸರಿಪಡಿಸಲಾಗದಷ್ಟು ಮುರಿದ ದಾಂಪತ್ಯವನ್ನೇ ವಿಚ್ಛೇದನಕ್ಕೆ ಕಾರಣವಾಗಿಸಿ ಎಂದು ಕಾನೂನು ಆಯೋಗ 1978ರಲ್ಲೂ 2009ರಲ್ಲೂ ಶಿಫಾರಸು ಮಾಡಿತು. 2013ರಲ್ಲಿ ರಾಜ್ಯಸಭೆ ಒಪ್ಪಿದ ಮಸೂದೆ ಕಾನೂನಾಗದೆ ಬಿದ್ದುಹೋಯಿತು. ಸಂವಿಧಾನದ 142ನೇ ವಿಧಿಯಡಿ ಸುಪ್ರೀಂ ಕೋರ್ಟ್ ಅಂಥ ಮದುವೆಗಳನ್ನು ಬಿಡಿಸಬಹುದೆಂದು 2023ರಲ್ಲಿ ಸಂವಿಧಾನ ಪೀಠ ಹೇಳಿತು. ಜಿಲ್ಲೆಯ ಕೌಟುಂಬಿಕ ನ್ಯಾಯಾಲಯಕ್ಕೆ ಆ ಅಧಿಕಾರವಿಲ್ಲ. ದೆಹಲಿಯವರೆಗೆ ಹೋಗಲು ಹಣವಿದ್ದವರಿಗಷ್ಟೇ ಈ ಘನತೆ.

ಹೊಸ ಕಾರಣ ಬಂದರೆ ಗಂಡಂದಿರು ಹೆಂಡಿರನ್ನು ಸುಲಭವಾಗಿ ಕೈಬಿಟ್ಟಾರೆಂಬ ಭಯ ಸುಳ್ಳಲ್ಲ. ಅದಕ್ಕೆ ಮದ್ದು ಆಸ್ತಿಯಲ್ಲಿ ಪಾಲು ಮತ್ತು ಕೈಗೆ ನಿಜವಾಗಿ ಸೇರುವ ಜೀವನಾಂಶ. ಸಂಸತ್ತು ಎರಡನ್ನೂ ಒಟ್ಟಿಗೆ ತರಲಿ. ಹೆಣ್ಣಿನ ಅನ್ನದ ಲೆಕ್ಕ ನ್ಯಾಯಾಲಯದಲ್ಲಿ ನಡೆಯಲಿ, ಅವಳ ಹಾಸಿಗೆಯ ಲೆಕ್ಕ ಬೇಡ.