24ರ ಮಗಳು ಯಾರ ವಶ?

ಹೇಬಿಯಸ್ ಕಾರ್ಪಸ್ ಅರ್ಜಿ ಬಂದಾಗ ನ್ಯಾಯಾಲಯ ಕೇಳಬೇಕಾದದ್ದು ಒಂದೇ ಪ್ರಶ್ನೆ: ಈ ವ್ಯಕ್ತಿ ಅಕ್ರಮ ಬಂಧನದಲ್ಲಿರುವರೇ? ಪ್ರಾಪ್ತವಯಸ್ಕಳೊಬ್ಬಳು ಎದುರು ನಿಂತು ‘ಇಲ್ಲ, ನನ್ನ ಇಚ್ಛೆಯಿಂದಲೇ ಇದ್ದೇನೆ’ ಎಂದಮೇಲೆ ಅರ್ಜಿಯ ಕೆಲಸ ಮುಗಿಯಿತು. ಅವಳ ಆಯ್ಕೆ ಮನೆತನಕ್ಕೆ ಒಪ್ಪುವಂಥದ್ದೇ ಎಂಬ ವಿಚಾರಣೆಗೆ ಅಲ್ಲಿ ಎಡೆಯಿಲ್ಲ.

ಕೇರಳದ ಹಾದಿಯಾ ಪ್ರಕರಣದಲ್ಲಿ ಆದದ್ದೇನು? ಮತಾಂತರಗೊಂಡಿದ್ದ ಮಗಳಿಗಾಗಿ ತಂದೆ ಹಾಕಿದ ಮೊದಲ ಅರ್ಜಿಯನ್ನು ಹೈಕೋರ್ಟ್ 2016ರ ಜನವರಿಯಲ್ಲಿ, ಆಕೆ ಅಕ್ರಮ ಬಂಧನದಲ್ಲಿಲ್ಲವೆಂದು ಮುಗಿಸಿತ್ತು. ಎರಡನೆಯ ಅರ್ಜಿಯಲ್ಲಿ, 2017ರ ಮೇ 24ರಂದು, ಅದೇ ಹೈಕೋರ್ಟ್ 24ರ ಹೆಣ್ಣು ದುರ್ಬಲಳು ಎಂಬರ್ಥದ ಮಾತಾಡಿ, ಆಕೆಯ ಮದುವೆಯನ್ನೇ ಅಸಿಂಧುಗೊಳಿಸಿ, ಹೆತ್ತವರ ವಶಕ್ಕೆ ಒಪ್ಪಿಸಿತು. ಆರು ತಿಂಗಳು ಪೊಲೀಸ್ ಕಾವಲಿನ ಮನೆವಾಸ. ಬಿಡುಗಡೆಗೆಂದೇ ಇರುವ ರಿಟ್‌ನಿಂದ ಸೆರೆ! ಸುಪ್ರೀಂ ಕೋರ್ಟ್ ಕೂಡ ಆಗಸ್ಟ್‌ನಲ್ಲಿ ಮೊದಲು ಆದೇಶಿಸಿದ್ದು ಎನ್‌ಐಎ ತನಿಖೆಗೆ; ಆಕೆಯ ಮಾತು ಕೇಳಿದ್ದು ನವೆಂಬರ್ 27ರಂದು. ಮದುವೆ ಮತ್ತೆ ಸಿಂಧುವಾಗಲು 2018ರ ಮಾರ್ಚ್ 8 ಬರಬೇಕಾಯಿತು.

‘ಹೆತ್ತ ಕರುಳಿನ ಸಂಕಟ ನಿಮಗೇನು ಗೊತ್ತು?’ ಎಂಬ ಆಕ್ಷೇಪವನ್ನು ನಮ್ಮ ಹೊರನಾಡ ಕೂಟಗಳಲ್ಲೂ ಕೇಳಿದ್ದೇನೆ. ಸಂಕಟ ನಿಜ. (ಮಗನ ವಿಷಯದಲ್ಲಿ ಅದು ಕೋರ್ಟಿನ ಮೆಟ್ಟಿಲು ಹತ್ತುವುದು ಅಪರೂಪ.) ಆದರೆ ಮತ ಹಾಕಲು, ಆಸ್ತಿ ಮಾರಲು, ತಪ್ಪಿಗೆ ಜೈಲು ಸೇರಲು 18 ತುಂಬಿದ್ದರೆ ಸಾಕು; ಯಾರೊಡನೆ ಬಾಳಬೇಕೆಂಬುದಕ್ಕೆ ಮಾತ್ರ ಅಪ್ಪನ ಸಹಿ ಬೇಕೆ?

ಮಗಳನ್ನು ಯಾರೋ ಕೂಡಿಹಾಕಿದ್ದಾರೆಂಬ ಭಯವಿದ್ದರೆ ಹೆತ್ತವರು ಧಾರಾಳವಾಗಿ ಅರ್ಜಿ ಹಾಕಲಿ. ನ್ಯಾಯಮೂರ್ತಿಗಳು ಆಕೆಯನ್ನು ಅವರಿಂದಲೂ ಗಂಡನಿಂದಲೂ ದೂರ ಕೂರಿಸಿ, ಅಂದೇ ಕೇಳಲಿ. ಆಕೆ ಹೇಳಿದ ಕಡೆಗೆ ಕಳುಹಿಸಲಿ.