ಈದ್‌ನ ಬಟ್ಟೆಯನ್ನು ಅವಳೇ ಆರಿಸಲಿ

ಬೆಂಗಳೂರಿನ ದಂತವೈದ್ಯೆ ಡಾ. ಎಸ್. ಜೆ. ರಾಜಲಕ್ಷ್ಮಿಯವರು 2007ರ ರಸ್ತೆ ಅಪಘಾತದ ಬಳಿಕ ಗಾಲಿಕುರ್ಚಿಯನ್ನು ಆಶ್ರಯಿಸಬೇಕಾಯಿತು. 2014ರಲ್ಲಿ ಅವರು 'ಮಿಸ್ ವೀಲ್‌ಚೇರ್ ಇಂಡಿಯಾ' ಆದರು. 2017ರಲ್ಲಿ ಪೋಲೆಂಡಿನ ವಾರ್ಸಾದಲ್ಲಿ ನಡೆದ ವಿಶ್ವ ಸ್ಪರ್ಧೆಯಲ್ಲಿ ಜನಪ್ರಿಯತೆಯ ಪ್ರಶಸ್ತಿ ಪಡೆದರು. ಹೆಣ್ಣನ್ನು ವೇದಿಕೆಗೆ ತಂದು ಅಂಕ ಹಾಕುವ ಸ್ಪರ್ಧೆಗಳನ್ನು ನಾವು ಒಪ್ಪುವುದಿಲ್ಲ. ಆದರೆ ಗಾಲಿಕುರ್ಚಿಯ ಹೆಣ್ಣಿಗೂ ಚೆನ್ನಾಗಿ ಕಾಣುವ ಆಸೆಯಿದೆಯೆಂಬ ಸರಳ ಸತ್ಯವನ್ನು ಹೇಳಲು ವೇದಿಕೆಯೇ ಬೇಕಾಯಿತೆಂದರೆ, ನಮ್ಮ ಮನೆಗಳು ಅದಕ್ಕೆ ಕಿವಿಗೊಟ್ಟಿಲ್ಲವೆಂದೇ ಅರ್ಥ.

ರಮಝಾನ್‌ನ ಕೊನೆಯ ದಿನಗಳಲ್ಲಿ ಶಿವಾಜಿನಗರದ ರಸಲ್ ಮಾರುಕಟ್ಟೆಯ ಆಸುಪಾಸು, ಕಮರ್ಷಿಯಲ್ ಸ್ಟ್ರೀಟ್ ತುಂಬಿ ತುಳುಕುತ್ತವೆ. ಹೆಣ್ಣುಮಕ್ಕಳು ಬಟ್ಟೆ, ಬಳೆ, ಮೆಹಂದಿ ಆರಿಸುತ್ತಾರೆ. ಗಾಲಿಕುರ್ಚಿಯ ಮಗಳ ಬಟ್ಟೆ ಮಾತ್ರ ಇತರರ ಆಯ್ಕೆಯಲ್ಲಿ ಮನೆಗೆ ಬರುತ್ತದೆ. 'ಅವಳಿಗೆ ಎಲ್ಲಿಗೆ ಹೋಗಲಿಕ್ಕಿದೆ?' ಎಂಬ ಮಾತು ಬೇರೆ. ತಂಗಿಯನ್ನು ನೋಡಲು ವರನ ಕಡೆಯವರು ಬಂದಾಗ ಅವಳನ್ನು ಒಳಕೋಣೆಗೆ ಸರಿಸುವವರೂ ಇದ್ದಾರೆ. ಆತ್ಮವಿಶ್ವಾಸ ಕುಸಿಯುವುದು ಕಾಲು ಸೋತದ್ದರಿಂದಲ್ಲ, ಇಂತಹ ನಡವಳಿಕೆಯಿಂದ.

ಆರಾಧನಾ ವೇಳೆಯಲ್ಲಿ ಒಳ್ಳೆಯ ಉಡುಪಿನಿಂದ ಅಲಂಕೃತರಾಗಬೇಕೆಂಬ ಪವಿತ್ರ ಕುರ್‌ಆನ್‌ನ ನಿರ್ದೇಶ (7:31) ಆದಮರ ಮಕ್ಕಳೆಲ್ಲರಿಗೆ ಸಂಬಂಧಿಸಿದ್ದು, ನಡೆಯಬಲ್ಲವರಿಗೆ ಮಾತ್ರವಲ್ಲ. ಅಂಧರಾಗಿದ್ದ ಅಬ್ದುಲ್ಲಾ ಇಬ್ನು ಉಮ್ಮಿ ಮಕ್ತೂಮ್(ರ)ರಿಗೆ ಪ್ರವಾದಿ(ಸ) ಅದಾನಿನ ಹೊಣೆ ಕೊಟ್ಟರು. ತಾವು ಮದೀನಾದಿಂದ ಹೊರಹೋದಾಗ ಅಲ್ಲಿನ ಉಸ್ತುವಾರಿಯನ್ನೂ ವಹಿಸಿದರು. ಅದು ಕನಿಕರವಲ್ಲ, ಗೌರವ.

ನಾವು ಮಾಡಬೇಕಾದದ್ದು ಕಷ್ಟದ್ದೇನಲ್ಲ. ಅವಳು ಕುಳಿತಿರುವಾಗಲೇ ದರ್ಜಿ ಅಳತೆ ತೆಗೆಯಲಿ. ಬುರ್ಖಾದ ಅಂಚು, ದುಪ್ಪಟ್ಟಾದ ತುದಿ ಚಕ್ರಕ್ಕೆ ಸಿಲುಕದಿರಲಿ. ಕುಳಿತುಕೊಳ್ಳುವ ಭಾಗದಲ್ಲಿ ದಪ್ಪ ಹೊಲಿಗೆ, ಗುಂಡಿ ಬೇಡ; ಅವು ಚರ್ಮಕ್ಕೆ ಒತ್ತಿ ಹುಣ್ಣಾಗಬಹುದು. ಬಣ್ಣ ಅವಳ ಇಷ್ಟದ್ದಾಗಿರಲಿ. ಮಾರ್ಗದರ್ಶನ ಬೇಕಾದವರಿಗೆ, ಸ್ವತಃ ಅಂಗವೈಕಲ್ಯವಿದ್ದ ಎನ್. ಎಸ್. ಹೇಮಾ ಅವರು 1959ರಲ್ಲಿ ಸ್ಥಾಪಿಸಿದ ಎ.ಪಿ.ಡಿ. ಸಂಸ್ಥೆ ಲಿಂಗರಾಜಪುರದಲ್ಲಿಯೇ ಇದೆ.

ಇನ್ನು ನಮ್ಮ ವ್ಯಾಪಾರಿಗಳು, ಜಮಾಅತಿನ ಹಿರಿಯರು. ಸಾರ್ವಜನಿಕರು ಬಳಸುವ ಕಟ್ಟಡಗಳು, ಖಾಸಗಿಯವೂ ಸೇರಿದಂತೆ, ಅಂಗವಿಕಲರ ಪ್ರವೇಶಕ್ಕೆ ಅನುಕೂಲವಾಗಿರಬೇಕೆಂದು 2016ರ ಅಂಗವಿಕಲರ ಹಕ್ಕುಗಳ ಕಾಯ್ದೆ ಹೇಳುತ್ತದೆ. ಆದರೆ ಕಾಯ್ದೆಯ ಭಯದಿಂದಲೇ ನಾವು ಎಚ್ಚೆತ್ತುಕೊಳ್ಳಬೇಕೇ? ಅಂಗಡಿ, ಶಾದಿ ಮಹಲ್, ಮಸೀದಿಗಳ ಮೆಟ್ಟಿಲ ಪಕ್ಕ ಒಂದು ಇಳಿಜಾರು ದಾರಿ ಕಟ್ಟುವ ಖರ್ಚು, ಒಂದು ಮದುವೆಯ ದೀಪಾಲಂಕಾರಕ್ಕಿಂತ ಹೆಚ್ಚೇನೂ ಆಗದು.

ಮುಂದಿನ ಈದ್‌ಗೆ ಪೇಟೆಗೆ ಹೊರಡುವಾಗ ಮನೆಯಲ್ಲಿ ಉಳಿದವರು ಯಾರೆಂದು ಪ್ರತಿಯೊಂದು ಕುಟುಂಬವೂ ಒಮ್ಮೆ ಹಿಂತಿರುಗಿ ನೋಡಲಿ.