ಊರಿನವರಿಗೆ 30 ದಿನ, ಸರ್ಕಾರಕ್ಕೆ 11 ವರ್ಷ?

ಜಮೀನಿನ ಕೇಸು ತಾಲೂಕು ಕೋರ್ಟಿನಲ್ಲಿ ಸೋತಿರಿ ಅಂದುಕೊಳ್ಳಿ. ಮೇಲಿನ ಕೋರ್ಟಿಗೆ ಅಪೀಲು ಹಾಕಲು ನಿಮಗಿರುವುದು 30 ದಿನ. ಹೈಕೋರ್ಟಿಗಾದರೆ 90 ದಿನ. 1963ರ ಕಾಲಮಿತಿ ಕಾಯ್ದೆ, ಅಂದರೆ ವಕೀಲರು ಲಿಮಿಟೇಶನ್ ಆಕ್ಟ್ ಅನ್ನುವ ಕಾನೂನು, ಹಾಕಿರುವ ಗಡುವು ಇದು.

ಗಡುವು ದಾಟಿದರೂ ಒಂದು ಬಾಗಿಲಿದೆ. ಅದೇ ಕಾಯ್ದೆಯ 5ನೇ ಕಲಂ. ತಡವಾಗಿದ್ದಕ್ಕೆ ತಕ್ಕ ಕಾರಣ ತೋರಿಸಿದರೆ ಕೋರ್ಟು ವಿಳಂಬ ಮನ್ನಿಸಿ ಅಪೀಲು ತೆಗೆದುಕೊಳ್ಳಬಹುದು. ಒಳ್ಳೆಯ ಕಾನೂನೇ. ಆದರೆ ಆ ಬಾಗಿಲಲ್ಲಿ ಯಾರು ಯಾರು ನುಗ್ಗುತ್ತಿದ್ದಾರೆ ನೋಡಿ.

ನಮ್ಮ ಕರ್ನಾಟಕ ಗೃಹ ಮಂಡಳಿ ಒಬ್ಬ ಮಹಿಳೆಯ ವಿರುದ್ಧದ ಜಮೀನಿನ ಕೇಸಿನಲ್ಲಿ 3966 ದಿನ ತಡವಾಗಿ ಹೈಕೋರ್ಟಿಗೆ ಅಪೀಲು ಹಾಕಿತು. ಹತ್ತಿರ ಹತ್ತಿರ 11 ವರ್ಷ! ಹೈಕೋರ್ಟು ಅದನ್ನೂ ಮನ್ನಿಸಿತು. ಆ ಆದೇಶವನ್ನು ಸುಪ್ರೀಂ ಕೋರ್ಟು ರದ್ದು ಮಾಡಿದ್ದು 2025ರ ಸೆಪ್ಟೆಂಬರ್‌ನಲ್ಲಿ. ಅಷ್ಟರಲ್ಲಿ ಆ ತಾಯಿ ತೀರಿಹೋಗಿದ್ದರು. ನ್ಯಾಯ ಸಿಕ್ಕಿದ್ದು ವಾರಸುದಾರರಿಗೆ.

ವಿಳಂಬ ಮನ್ನಿಸಿ ಎಂದು ಕೇಳುವವರೆಲ್ಲ ಹಿಡಿದುಕೊಂಡು ಬರುವುದು ಸುಪ್ರೀಂ ಕೋರ್ಟಿನ 1987ರ ಒಂದು ತೀರ್ಪನ್ನು. ತಾಂತ್ರಿಕ ಕಾರಣಕ್ಕಿಂತ ನ್ಯಾಯ ದೊಡ್ಡದು, ಕೋರ್ಟು ಉದಾರವಾಗಿರಬೇಕು ಎಂದಿತು ಆ ತೀರ್ಪು. ಆದರೆ ಆ ಕೇಸಿನಲ್ಲಿ ಆಗಿದ್ದ ತಡ ಎಷ್ಟು ಗೊತ್ತೇ? ಬರೀ 4 ದಿನ. ನಾಲ್ಕು ದಿನಕ್ಕೆ ಹೇಳಿದ ಮಾತನ್ನು ಹನ್ನೊಂದು ವರ್ಷಕ್ಕೆ ಎಳೆದರೆ ಅದು ಉದಾರತೆಯಲ್ಲ, ಅನ್ಯಾಯ.

ಸರ್ಕಾರಿ ಕಚೇರಿಗಳ ಕಾರಣ ಯಾವಾಗಲೂ ಒಂದೇ. ಫೈಲು ಆ ಟೇಬಲ್ಲಿಗೆ ಹೋಯಿತು, ಈ ಟೇಬಲ್ಲಿಗೆ ಬಂತು, ಸಾಹೇಬರು ವರ್ಗವಾದರು. ಅಂಚೆ ಇಲಾಖೆ 427 ದಿನ ತಡ ಮಾಡಿದ್ದ ಕೇಸಿನಲ್ಲಿ ಸುಪ್ರೀಂ ಕೋರ್ಟು ಇಂಥ ಕಾರಣ ನಡೆಯುವುದಿಲ್ಲ, ಕಾಲಮಿತಿ ಸರ್ಕಾರಕ್ಕೂ ಒಂದೇ ಎಂದು 2012ರಲ್ಲೇ ಹೇಳಿದೆ. ಕಾನೂನು ವಿಭಾಗ, ಸಂಬಳದ ಸಿಬ್ಬಂದಿ, ಸರ್ಕಾರಿ ವಕೀಲರು ಎಲ್ಲ ಇದ್ದೂ ತಡ ಮಾಡುವವರಿಗೆ ಯಾವ ಕರುಣೆ?

ಈಗ ಊರಿನ ಕಡೆ ನೋಡಿ. ತೀರ್ಪು ಇಂಗ್ಲಿಷಿನಲ್ಲಿದ್ದರೆ ಓದುವವರಿಲ್ಲ. ವಕೀಲರು ಫೋನ್ ಎತ್ತುವುದಿಲ್ಲ. ಕೋರ್ಟ್ ಫೀಸಿಗೆ ದುಡ್ಡು ಬರಬೇಕಾದರೆ ಫಸಲು ಮಾರಬೇಕು. ಇವು ನೆಪಗಳಲ್ಲ, ಬದುಕು. 5ನೇ ಕಲಂ ಇರಬೇಕಾದ್ದು ಇಂಥವರಿಗೆ. ವಕೀಲರ ತಪ್ಪಿನಿಂದ 883 ದಿನ ತಡವಾದ ಒಬ್ಬರ ವಿಳಂಬವನ್ನು 1998ರಲ್ಲಿ ಸುಪ್ರೀಂ ಕೋರ್ಟು ಮನ್ನಿಸಿದೆ. ಎಷ್ಟು ದಿನ ಅನ್ನುವುದಕ್ಕಿಂತ ಕಾರಣ ಒಪ್ಪುವಂಥದ್ದೇ ಎಂಬುದು ಮುಖ್ಯ ಎಂದಿದೆ.

ಹಾಗಾದರೆ ಬಡವರು ಎಷ್ಟು ತಡ ಮಾಡಿದರೂ ಮನ್ನಿಸಬೇಕೇ? ಬೇಡ. ಗೆದ್ದವರೂ ನಮ್ಮೂರಿನವರೇ. ತಂಗಿಗೆ ಪಾಲು ಕೊಡಬಾರದೆಂದು ಅಣ್ಣ ಬೇಕೆಂದೇ ವರ್ಷಗಟ್ಟಲೆ ಬಿಟ್ಟು ಅಪೀಲು ಹಾಕಿದರೆ ಅದಕ್ಕೆ ಮಾಫಿ ಯಾಕೆ? ತಡ ಮಾಡಿದವರ ಕೈಯಲ್ಲಿ ಏನಿತ್ತು, ತಡದಿಂದ ಕಳೆದುಕೊಂಡವರು ಯಾರು ಎಂದು ನೋಡಿ ತೂಗಬೇಕು. ಅನುಕೂಲ ಹೆಚ್ಚಿದ್ದವರಿಗೆ ತಕ್ಕಡಿ ಬಿಗಿಯಾಗಿರಲಿ.

ನಮ್ಮ ಬೇಡಿಕೆ ಮೂರು. ಒಂದು, ಪ್ರತಿ ಡಿಕ್ರಿಯ ಕೊನೆಗೆ ಯಾವ ಕೋರ್ಟಿಗೆ, ಎಷ್ಟು ದಿನದೊಳಗೆ ಅಪೀಲು ಹಾಕಬೇಕು ಎಂದು ಕನ್ನಡದಲ್ಲಿ ಅಚ್ಚಾಗಲಿ. ಎರಡು, ಕೇಸು ಸೋತ ವಾರದೊಳಗೆ ವಕೀಲರು ಕಕ್ಷಿದಾರರಿಗೆ ಬರಹದಲ್ಲಿ ತಿಳಿಸುವುದು ಕಡ್ಡಾಯವಾಗಲಿ. ಮೂರು, ಸರ್ಕಾರಿ ಅಪೀಲು ತಡವಾದರೆ ದಂಡ ಬೊಕ್ಕಸದಿಂದಲ್ಲ, ಫೈಲಿನ ಮೇಲೆ ಕೂತ ಅಧಿಕಾರಿಯ ಜೇಬಿನಿಂದ ಹೋಗಲಿ.

ಇವು ಆಗುವವರೆಗೆ ನಮ್ಮ ಎಚ್ಚರ ನಮಗಿರಲಿ. ತೀರ್ಪಾದ ಕೂಡಲೇ ಸರ್ಟಿಫೈಡ್ ಕಾಪಿಗೆ ಅರ್ಜಿ ಹಾಕಿ. ಅದು ತಯಾರಾಗಲು ಹಿಡಿದ ದಿನಗಳನ್ನು ಗಡುವಿನ ಲೆಕ್ಕಕ್ಕೆ ಹಿಡಿಯುವುದಿಲ್ಲ. ತಡವಾಗಿದ್ದರೆ ಅಪೀಲಿನ ಜೊತೆಯಲ್ಲೇ ವಿಳಂಬದ ಅರ್ಜಿ, ಅಫಿಡವಿಟ್ ಕೊಡಿ. ಆಸ್ಪತ್ರೆ ಚೀಟಿ, ವಕೀಲರಿಗೆ ಕಳಿಸಿದ ಮೆಸೇಜು, ಬಸ್ ಟಿಕೆಟ್ಟು ಕೂಡ ಎತ್ತಿಡಿ. ದುಡ್ಡಿಲ್ಲವೇ? ತಾಲೂಕು ಕಾನೂನು ಸೇವಾ ಸಮಿತಿಗೆ ಹೋಗಿ, ಇಲ್ಲವೇ 15100ಕ್ಕೆ ಫೋನ್ ಮಾಡಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ನೋಡದೆ ಉಚಿತ ನೆರವಿದೆ.

ಜಮೀನಿನ ಕೇಸಿನ ಅಪೀಲಿಗೆ ಊರಿನವರಿಗೆ ಒಂದು ಕ್ಯಾಲೆಂಡರು, ಸರ್ಕಾರಕ್ಕೆ ಇನ್ನೊಂದು ಅಂತ ಕಾನೂನಿನಲ್ಲಿ ಬರೆದಿಲ್ಲ. ಕೋರ್ಟುಗಳೂ ಬರೆಯದಿರಲಿ.